ಪಿಲಾ ಬೀದಿಗೆ ಕಸ ಸುರಿದವಳು

ಗ್ವಾದಲಹಾರಾ ನಗರದ ಅನಾಲ್ಕೊ ಪೇಟೆಯಲ್ಲಿ ಪಿಲಾ ಬೀದಿ ಅಂತ ಒಂದು ಹಳೆಯ ಬೀದಿ. ಅಲ್ಲಿ ಹೆಂಗಸಿನ ಯೋಗ್ಯತೆ ಅಳೆಯುವುದು ಅವಳ ಅಡುಗೆಯಿಂದಲ್ಲ, ಗಂಡನ ಸಂಬಳದಿಂದಲೂ ಅಲ್ಲ, ಬೆಳಿಗ್ಗೆ ಅವಳ ಬಾಗಿಲ ಮುಂದಿನ ನೆಲ ನೋಡಿ. ಬಿಸಿಲು ಇಗರ್ಜಿಯ ಗೋಪುರದಿಂದ ಕೆಳಗಿಳಿಯುವಷ್ಟರಲ್ಲಿ ಗುಡಿಸಿ ನೀರು ಚಿಮುಕಿಸಿ ಆಗಿರಬೇಕು. ಆಗದಿದ್ದರೆ ಆ ಮನೆಯಲ್ಲಿ ಯಾರಿಗೋ ಕಾಯಿಲೆ ಅಂತ ಅರ್ಥ. ಕಾಯಿಲೆಯೂ ಇಲ್ಲದಿದ್ದರೆ ಮಾನ ಇಲ್ಲ ಅಂತ ಅರ್ಥ.

ಮೂಲೆಮನೆಯ ಒತಿಲಿಯಾ, ಹಿರಿಯ ಹೆಂಗಸಾದ್ದರಿಂದ ಎಲ್ಲರ ಬಾಯಲ್ಲೂ ದೋನ್ಯಾ ಒತಿಲಿಯಾ, ತನ್ನ ಬಾಗಿಲಷ್ಟೇ ಅಲ್ಲ, ಪಕ್ಕದ ಮನೆಯವರದ್ದೂ ಗುಡಿಸುತ್ತಿದ್ದಳು. ಪರೋಪಕಾರ ಅಂದುಕೊಳ್ಳಬೇಡಿ. ಅವರು ಗುಡಿಸಿದ್ದು ಆಕೆಗೆ ಹಿಡಿಸುತ್ತಿರಲಿಲ್ಲ, ಅಷ್ಟೆ. ಗುಡಿಸಿಯಾದ ಮೇಲೆ ಬಕೆಟ್ಟಿನಿಂದ ಬೊಗಸೆ ನೀರೆತ್ತಿ ಹೊಸ್ತಿಲ ಮುಂದೆ ಉದ್ದಕ್ಕೊಮ್ಮೆ, ಅಡ್ಡಕ್ಕೊಮ್ಮೆ ಚೆಲ್ಲುವಳು. ನೆಲದ ಮೇಲೆ ನೀರಿನ ಶಿಲುಬೆ ಮೂಡುತ್ತಿತ್ತು. ಹಿಂದೊಮ್ಮೆ ಬಲಭುಜ ಮುರಿದು ಸೊಟ್ಟಗೆ ಕೂಡಿದ್ದರಿಂದ ಆ ಅಡ್ಡಗೆರೆ ಯಾವಾಗಲೂ ಎಡಕ್ಕೆ ಉದ್ದವಾಗಿ ತುದಿಯಲ್ಲಿ ಬಾಗುತ್ತಿತ್ತು. ಬೀದಿಯಲ್ಲಿ ಬೇರೆ ಯಾರ ಕೈಯಲ್ಲೂ ಹಾಗೆ ಬರುತ್ತಿರಲಿಲ್ಲ. ಬರಲಿ ಅಂತ ಯಾರೂ ಆಸೆಪಟ್ಟಿದ್ದೂ ಇಲ್ಲ.

ಈ ಒತಿಲಿಯಾಳ ಒಬ್ಬಳೇ ಮಗಳು ನೊಯೆಮಿ ಬರಾಹಾಸ್. ಊರಿನ ಇನ್ನೊಂದು ತುದಿಯಲ್ಲಿ, ಲಿಫ್ಟು ಇರುವ ಕಟ್ಟಡದಲ್ಲಿ ವಾಸ. ಕೆಲಸ 'ಗ್ರಿಯೋ' ಅನ್ನುವ ಸ್ಟುಡಿಯೋದಲ್ಲಿ. ಸಿನಿಮಾದ ಚಿತ್ರಗಳಲ್ಲಿ ಇಲ್ಲದ್ದನ್ನು ಇರುವಂತೆ, ಇರುವುದನ್ನು ಇಲ್ಲದಂತೆ ಕಂಪ್ಯೂಟರಿನಲ್ಲಿ ಮಾಡಿಕೊಡುವ ಸ್ಟುಡಿಯೋ ಅದು. ಅಲ್ಲಿ ಆಕೆ ನಿರ್ಮಾಪಕಿ. ನಿರ್ಮಾಪಕಿ ಅಂದಕೂಡಲೇ ಹಣದ ಥೈಲಿ ಹಿಡಿದವಳು ಅಂದುಕೊಂಡರೆ ತಪ್ಪು. ಈ ಕಸುಬಿನಲ್ಲಿ ನಿರ್ಮಾಪಕಿ ಅಂದರೆ ಮದುವೆಮನೆಯ ಸೋದರತ್ತೆ ಇದ್ದಹಾಗೆ. ಅಡುಗೆ ಮಾಡುವವಳು ಅವಳಲ್ಲ, ಮದುಮಗಳೂ ಅವಳಲ್ಲ, ಆದರೆ ಸಾರಿಗೆ ಉಪ್ಪು ಜಾಸ್ತಿಯಾದರೆ ಬೈಸಿಕೊಳ್ಳುವವಳು ಅವಳೇ.

ನೊಯೆಮಿ ಈ ಕಸುಬಿಗೆ ಬಂದದ್ದು ಫೋನೆತ್ತುವ ಹುಡುಗಿಯಾಗಿ. ಜಾಹೀರಾತು ಮಾಡುವ ಒಂದು ಕಂಪನಿಯಲ್ಲಿ ಕುಣಿಯುವ ಮೆಣಸಿನಕಾಯಿ, ಮಾತಾಡುವ ಸಾಬೂನು ಇಂಥವನ್ನೆಲ್ಲ ಬರೆಯುವ ಚಿತ್ರಗಾರರಿದ್ದರು. ಅವರಲ್ಲಿ ಯಾರು ಯಾವ ಕಾಲು ಬರೆದರು, ಯಾವ ಕೈ ಬಾಕಿ ಇದೆ ಅನ್ನುವುದು ಅವರಿಗೇ ಗೊತ್ತಿರುತ್ತಿರಲಿಲ್ಲ. ಈ ಹುಡುಗಿಗೆ ಗೊತ್ತಿರುತ್ತಿತ್ತು. ಯಾರನ್ನು ಗದರಿಸಿದರೆ ಕೆಲಸ ಆಗುತ್ತದೆ, ಯಾರಿಗೆ ಖಾರದ ಸಾರಿನಲ್ಲಿ ಮುಳುಗಿಸಿದ ಬ್ರೆಡ್ಡು ತರಿಸಿಕೊಟ್ಟು ಬೆನ್ನು ತಟ್ಟಬೇಕು, ಎಲ್ಲವೂ ಅವಳಿಗೆ ಕರಗತವಾಯಿತು. ಕೆಲವೇ ವರ್ಷಗಳಲ್ಲಿ ಅವಳಿಲ್ಲದೆ ಅಲ್ಲಿ ಮೆಣಸಿನಕಾಯಿ ಕುಣಿಯದಂತಾಯಿತು. ಹಾಕೋಬೋ ಅನ್ನುವವನು ಗ್ರಿಯೋ ಸ್ಟುಡಿಯೋ ತೆರೆದಾಗ ಮೊದಲು ಕರೆದದ್ದು ಚಿತ್ರಗಾರರನ್ನಲ್ಲ, ಇವಳನ್ನು.

ಮಗಳ ಕೆಲಸ ಏನೆಂದು ತಾಯಿಗೆ ಕೊನೆಗೂ ಪೂರ್ತಿ ತಿಳಿಯಲಿಲ್ಲ.

"ನೀನು ಚಿತ್ರ ಬರೀತೀಯಾ?" ಅಂತ ಒತಿಲಿಯಾ ಒಮ್ಮೆ ಕೂತು ವಿಚಾರಿಸಿದ್ದಳು.

"ಇಲ್ಲಮ್ಮ."

"ಮತ್ತೆ ಆ ಕಂಪ್ಯೂಟರ್ ಒತ್ತೋದು?"

"ಅದೂ ಬೇರೆಯವರೇ. ನಾನು ಅವರ ಕೈಲಿ ಮಾಡಿಸ್ತೀನಿ."

"ಓ, ಪಾದ್ರಿ ಥರ," ಅಂದಳು ಒತಿಲಿಯಾ. ಬೀದಿಯಲ್ಲಿ ಮಾತ್ರ 'ನನ್ನ ಮಗಳು ಸಿನಿಮಾ ಮಾಡ್ತಾಳೆ' ಅಂತಲೇ ಹೇಳಿದಳು.

ಮೊದಮೊದಲು ಗ್ರಿಯೋದಲ್ಲಿ ತಮ್ಮದೇ ಗೊಂಬೆಗಳು, ತಮ್ಮದೇ ಕಥೆಗಳು ಇದ್ದವು. ಐಸು ಹಾಕಿದ ಜೋಳದ ಪಾನಕ ಮಾರುವವನೂ ಅವನ ಕತ್ತೆಯೂ ಇಬ್ಬರೇ ಇರುವ ಒಂದು ಚಿತ್ರ ಮಾಡಬೇಕೆಂದು ನೊಯೆಮಿಗೆ ಬಹಳ ಆಸೆಯಿತ್ತು. ಕತ್ತೆಯನ್ನು ಬರೆದೂ ಆಗಿತ್ತು. ಅದು ಬೀರುವಿನಲ್ಲೇ ಮುದಿಯಾಯಿತು. ಹೊರದೇಶದ ದೊಡ್ಡ ಸಿನಿಮಾದವರು ತಮಗೆ ಬೇಸರದ ಕೆಲಸವನ್ನು ಇಲ್ಲಿಗೆ ಕಳಿಸಲು ಶುರುಮಾಡಿದ್ದರು. ನಟನನ್ನು ಹಾರಿಸಿದ ತಂತಿ, ಮೂಲೆಯಲ್ಲಿ ಇಣುಕಿದ ಮೈಕು, ಹಿಂದೆ ಸುಮ್ಮನೆ ಹಾದುಹೋದ ಯಾರೋ ಒಬ್ಬ, ಇವನ್ನೆಲ್ಲ ಬೆಣ್ಣೆಯಿಂದ ಕೂದಲೆಳೆದಂತೆ ತೆಗೆಯುವ ಕೆಲಸ. ಇದಕ್ಕೆ ಸ್ಟುಡಿಯೋದ ಮಾತಿನಲ್ಲಿ 'ಲಿಂಪಿಯೆಸಾ' ಅನ್ನುತ್ತಾರೆ. ಅಂದರೆ ಸ್ವಚ್ಛ ಮಾಡುವುದು. ಕಂಡವರ ಮನೆಗೆ ಹೋಗಿ ನೆಲ ಒರೆಸುವುದಕ್ಕೂ ಅಲ್ಲಿ ಅದೇ ಮಾತು. ಚೆನ್ನಾಗಿ ಮಾಡಿದರೆ ಮಾಡಿದ್ದೇ ಕಾಣಬಾರದು. ಯಾರಿಗೂ ಕಾಣದ ಕೆಲಸದಲ್ಲಿ ಎಷ್ಟು ಹೆಸರು ಮಾಡಬಹುದೋ ಅಷ್ಟು ಹೆಸರನ್ನು ನೊಯೆಮಿ ಮಾಡಿದಳು.

"ಈಗೇನು ಮಾಡ್ತಿದೀಯೇ?" ಅಂತ ತಾಯಿ ಫೋನಿನಲ್ಲಿ ಕೇಳಿದಾಗ ನೊಯೆಮಿ, "ಲಿಂಪಿಯೆಸಾ ಅಮ್ಮ, ಬರೀ ಲಿಂಪಿಯೆಸಾ" ಅನ್ನುತ್ತಿದ್ದಳು. ತಾಯಿಗೆ ಅದು ಹೆಮ್ಮೆ. ತಾಯಿಯಂತೆ ಮಗಳು, ನೂಲಿನಂತೆ ಸೀರೆ ಅಂತ ನಾವು ಹೇಳುವಂತೆ ಆಕೆಯೂ ತನ್ನ ಭಾಷೆಯಲ್ಲಿ ಏನೋ ಒಂದು ಹೇಳಿ ನಗುತ್ತಿದ್ದಳು.

ಮಗಳು ಕೆಲಸ ಮಾಡಿದ ಸಿನಿಮಾ ಊರಿಗೆ ಬಂದಾಗಲೆಲ್ಲ ಪಿಲಾ ಬೀದಿ ಸಂಸಾರ ಸಮೇತ ಹೊರಡುತ್ತಿತ್ತು. ಸಿನಿಮಾ ಮುಗಿದು ದೀಪ ಹತ್ತಿ, ಪೊರಕೆ ಹಿಡಿದವರು ಒಳಗೆ ಬಂದು ಕಾಯುತ್ತಿದ್ದರೂ ಇವರು ಏಳುತ್ತಿರಲಿಲ್ಲ. ಇರುವೆ ಸಾಲಿನಂತೆ ಹೆಸರುಗಳು ಮೇಲೇರಿ, ಅವುಗಳ ನಡುವೆ ನೊಯೆಮಿಯದೊಂದು ಕಂಡು ಮಾಯವಾಗುವ ತನಕ ಕಾಯುವುದು, ಕಂಡಕೂಡಲೇ ಚಪ್ಪಾಳೆ ತಟ್ಟುವುದು. ಮೊದಲ ಚಪ್ಪಾಳೆ ಯಾವಾಗಲೂ ಒತಿಲಿಯಾಳದ್ದು.

"ನಿನ್ನ ಹೆಸರೇನೋ ಬರುತ್ತೆ," ಅಂದಿದ್ದಳು ಒಂದು ಸಲ, ಬಸ್ಸಿಗೆ ಕಾಯುತ್ತ. "ನಮ್ಮ ಬಾಗಿಲೂ ಒಂದ್ಸಲ ಅಲ್ಲಿ ಬಂದ್ರೆ ಸಾಕು ಕಣೆ. ಎಷ್ಟು ವರ್ಷ ಗುಡಿಸಿದೀನಿ ಅದನ್ನ. ಒಂದ್ಸಲ ಎಲ್ಲರೂ ನೋಡ್ಲಿ."

ಆ ಮಾತು ನೊಯೆಮಿಯ ಮನಸ್ಸಿನಲ್ಲಿ ಉಳಿದುಬಿಟ್ಟಿತು. ಅದಕ್ಕೇ, ಹೆಸರಿಲ್ಲದ ಯಾವುದೋ ದೇಶದ ಯುದ್ಧದ ಕಥೆಯೊಂದಕ್ಕೆ ಸುಣ್ಣ ಉದುರಿದ ಹಳೆಯ ಬೀದಿ ಬೇಕು ಅಂತ ಸಿನಿಮಾದವರು ಹುಡುಕುತ್ತಿದ್ದಾಗ ಪಿಲಾ ಬೀದಿಯ ಹೆಸರು ಹೇಳಿದವಳು ಅವಳೇ. ಬಂದು ನೋಡಿದವರಿಗೆ ಬೀದಿ ಬಹಳ ಹಿಡಿಸಿತು. ಗೋಡೆಯ ಬಿರುಕುಗಳನ್ನು ಮುಟ್ಟಿ ಮುಟ್ಟಿ ನೋಡಿ ಫೋಟೋ ತೆಗೆದುಕೊಂಡರು. ಮುಂದಿನ ತಿಂಗಳು ಬರುತ್ತೇವೆ ಅಂದು ಹೋದರು.

ಮನೆಗೆ ನೆಂಟರು ಬರುತ್ತಾರೆ ಅಂದರೆ ಮಾನವಂತರು ಏನು ಮಾಡುತ್ತಾರೆ? ಪಿಲಾ ಬೀದಿಯವರೂ ಅದನ್ನೇ ಮಾಡಿದರು. ಗಡಿಯಾರ ರಿಪೇರಿಯ ದೋನ್ ಎಲಾದಿಯೋ ಮುಂದಾಳಾಗಿ ನಿಂತ. ಬಿರುಕಿಗೆ ಗಾರೆ ಮೆತ್ತಿದರು. ಗುಲಾಬಿ, ಹಳದಿ, ಗಿಳಿಹಸಿರು ಅಂತ ಮನೆಗೊಂದು ಬಣ್ಣ ಬಳಿದರು. ಕಿಟಕಿಗಳಲ್ಲಿ ಜೆರೇನಿಯಂ ಕುಂಡ ಇಟ್ಟರು, ಬೀದಿಯ ಮೇಲೆ ಅಡ್ಡಡ್ಡ ಬಣ್ಣದ ಕಾಗದದ ತೋರಣ ಕಟ್ಟಿದರು. ಒತಿಲಿಯಾ ತನ್ನ ಬಾಗಿಲಿಗೆ ನೀಲಿ ಬಳಿಸಿದಳು, ಮಾತೆ ಮೇರಿಯ ಮೇಲುಹೊದಿಕೆಯ ನೀಲಿ. ಮಗಳಿಗೆ ಯಾರೂ ಬಾಯಿ ಬಿಡಕೂಡದು, ಸಿನಿಮಾದಲ್ಲೇ ನೋಡಿ ಬೆರಗಾಗಲಿ ಅಂತ ಎಲ್ಲರಿಗೂ ತಾಕೀತು.

ಚಿತ್ರೀಕರಣದ ದಿನ ಬೆಳಿಗ್ಗೆ ಲಾರಿಗಳಿಂದ ಇಳಿದವರ ಮುಖ ನೋಡಬೇಕಿತ್ತು. ಆದರೆ ಯಾರೂ ನೋಡಲಿಲ್ಲ, ಎಲ್ಲರೂ ಕ್ಯಾಮೆರಾ ನೋಡುತ್ತಿದ್ದರು. ನಾಯಕನಟ ಸಂಜೆಯ ವಿಮಾನಕ್ಕೆ ಹೊರಡುವವನು, ಬೇರೆ ಬೀದಿ ಹುಡುಕಲು ಪುರುಸೊತ್ತಿಲ್ಲ. ನಿರ್ದೇಶಕ ತಲೆ ಚಚ್ಚಿಕೊಂಡು, ತೆಗೆದುಬಿಡಿ, ಆಮೇಲೆ ಕಂಪ್ಯೂಟರಿನಲ್ಲಿ ಸರಿಮಾಡಿದರಾಯಿತು ಅಂದ. ಮುಂಜಾವಿನ ಬೆಳಕು ಸರಿಯಾಗಿ ಬಿದ್ದದ್ದು ಒಂದೇ ಸಲ, ಆಗ ಒತಿಲಿಯಾ ದಿನದಂತೆ ಪೊರಕೆ ಹಿಡಿದು ಹೊರಗೆ ಬಂದಿದ್ದಳು. ಮುಂದೆ ಸೈನಿಕರು ತೆವಳುತ್ತಿದ್ದರು, ಹಿಂದೆ ಇವಳು ಗುಡಿಸಿ ನೀರು ಚೆಲ್ಲುತ್ತಿದ್ದಳು. ನಿರ್ದೇಶಕ ಬಂದು ಆಕೆಯನ್ನು ತಬ್ಬಿಕೊಂಡು, ಬಹಳ ಚೆನ್ನಾಗಿ ಮಾಡಿದಿರಿ ಅಮ್ಮಾ ಅಂತ ದುಭಾಷಿಯ ಕೈಲಿ ಹೇಳಿಸಿದ. ಹಾಗೆ ಸುಳ್ಳು ಹೇಳುವುದು ಆ ಜನಕ್ಕೆ ಕೊಳಾಯಿ ತಿರುಗಿಸಿದಷ್ಟು ಸುಲಭ. ಒತಿಲಿಯಾ ನಂಬಿದಳು. ಮಗಳಿಗೆ ಫೋನು ಮಾಡಿ, ಸಿನಿಮಾದಲ್ಲಿ ಬಾಗಿಲು ಮಾತ್ರ ಅಲ್ಲ, ನಾನೂ ಇದ್ದೀನಿ ಅಂದಳು. ಬಣ್ಣದ ಮಾತು ಮಾತ್ರ ಆಡಲಿಲ್ಲ.

ಆ 'ಆಮೇಲೆ ಸರಿಮಾಡುವ' ಕೆಲಸ ಗ್ರಿಯೋಗೇ ಬಂತು. ಬೀದಿ ತೋರಿಸಿದವರೇ ಅದರ ಕೊಳೆಯನ್ನೂ ನೋಡಿಕೊಳ್ಳಲಿ ಅಂತ ಅವರ ಲೆಕ್ಕಾಚಾರವಿರಬೇಕು. ಸ್ಟುಡಿಯೋದ ಯಜಮಾನ ಹಾಕೋಬೋ ಮಾತ್ರ ಇಗರ್ಜಿಗೆ ಹೋಗಿ ಮೇಣದಬತ್ತಿ ಹಚ್ಚಿದ. ವರ್ಷವಿಡೀ ದೊಡ್ಡ ಕೆಲಸವಿಲ್ಲದೆ ಸ್ಟುಡಿಯೋ ಮುಚ್ಚುವ ಹಂತದಲ್ಲಿತ್ತು. ನೊಯೆಮಿ ಚಿತ್ರಗಳನ್ನು ತೆರೆದು ನೋಡಿದಳು. ಹೊಸ ಬಣ್ಣದ ಬೀದಿ, ತೋರಣ, ನೀಲಿ ಬಾಗಿಲು, ಅದರ ಮುಂದೆ ಚೌಕಳಿ ಏಪ್ರನ್ನು ಕಟ್ಟಿಕೊಂಡ ಅಮ್ಮ. ಪಕ್ಕದಲ್ಲೇ ಸೂಚನೆ: ಬಣ್ಣ ತೆಗೆಯಬೇಕು. ಗೋಡೆಗೆ ಗುಂಡಿನ ತೂತು, ಬೀದಿಗೆ ಕಸ, ಗಾಳಿಗೆ ಹಳದಿ ಧೂಳು ಬೇಕು. ಹೆಂಗಸನ್ನು ತೆಗೆಯಬೇಕು.

ಆ ಸಿನಿಮಾದ ಕಡೆಯಿಂದ ಇವರ ಕೆಲಸ ನೋಡಿಕೊಳ್ಳುತ್ತಿದ್ದವನು ಟ್ರೆವರ್. ವ್ಯಾಂಕೂವರಿನಿಂದ ವಾರಕ್ಕೊಮ್ಮೆ ಕಂಪ್ಯೂಟರಿನ ಪರದೆಯ ಮೇಲೆ ಮಾತಿಗೆ ಬರುತ್ತಿದ್ದ. ಕೆಟ್ಟವನಾಗಿದ್ದರೆ ಬೈದುಕೊಂಡಾದರೂ ಸಮಾಧಾನ ಮಾಡಿಕೊಳ್ಳಬಹುದಿತ್ತು. ಒಳ್ಳೆಯವನು, ಎಲ್ಲರ ಮಕ್ಕಳ ಹೆಸರೂ ನೆನಪಿಟ್ಟುಕೊಂಡು ಕೇಳುವವನು. ನೊಯೆಮಿ ಅವನಿಗೆ, ಹೆಂಗಸನ್ನು ಇರಲಿ ಬಿಡೋಣ, ಹಿಂದೆ ಯಾರೋ ಗುಡಿಸುತ್ತಿದ್ದರೆ ಬೀದಿಗೊಂದು ಜೀವ ಇರುತ್ತದೆ ಅಂತ ಹೇಳಿ ನೋಡಿದಳು.

"ಚೆನ್ನಾಗೇನೋ ಇದೆ," ಅಂದ ಟ್ರೆವರ್. "ಆದ್ರೆ ಇಂಥ ಜಾಗದಲ್ಲಿ ಯಾರು ಗುಡಿಸ್ತಾರೆ ಹೇಳಿ? ನೋಡೋರು ನಂಬಲ್ಲ."

ಆಕೆ ನನ್ನ ತಾಯಿ, ಅದು ನನ್ನ ಮನೆ. ಮಾತು ನಾಲಗೆಯ ತುದಿಯಲ್ಲೇ ಇತ್ತು. ಸ್ಟುಡಿಯೋದ ಅಷ್ಟು ಜನರ ಅನ್ನದ ಪ್ರಶ್ನೆ, ಅದಕ್ಕೇ ಸುಮ್ಮನಾದೆ ಅಂತ ನೊಯೆಮಿ ಆಮೇಲೆ ತನಗೆ ತಾನೇ ಹೇಳಿಕೊಂಡಳು. ಅದು ಪೂರ್ತಿ ನಿಜವಲ್ಲ. ಅಮ್ಮನ ವಿಷಯ ಹೇಳಿದ್ದರೆ ಕೆಲಸ ಕೈತಪ್ಪುತ್ತಿರಲಿಲ್ಲ, ಟ್ರೆವರ್ ಮುಖ ಕೆಂಪಗೆ ಮಾಡಿಕೊಂಡು ನೂರು ಸಲ ಕ್ಷಮೆ ಕೇಳುತ್ತಿದ್ದ. ಆದರೆ ಅವನ ಕಣ್ಣಿನಲ್ಲಿ ತಾನು 'ಇಂಥ ಜಾಗ'ದವಳಾಗಿಬಿಡುತ್ತಿದ್ದಳು. ಆ ಒಂದು ನಾಚಿಕೆಗೆ ಅವಳು ತಾಯಿಯನ್ನು ಬಿಟ್ಟುಕೊಟ್ಟಳು.

"ನಿಜ," ಅಂದಳು. "ಯಾರೂ ನಂಬಲ್ಲ."

ಒರೆಸುವ ಕೆಲಸ ಮೀರ್ತಾಳ ಪಾಲಿಗೆ ಬಂತು. ಸ್ಟುಡಿಯೋದಲ್ಲೇ ನುರಿತ ಕೈ ಅವಳದು, ಬಾಯಿಯೂ ಅಷ್ಟೇ ಚುರುಕು. "ಯಜಮಾನ್ತೀ, ಈ ಅಜ್ಜಿ ಗತ್ತು ನೋಡಿದ್ರಾ?" ಅಂದಳು. "ಪೊರಕೆ ಹಿಡಿದಿರೋದು ನೋಡಿದ್ರೆ ಆ ಸೈನಿಕರನ್ನೂ ಸೇರಿಸಿ ಗುಡಿಸಿಬಿಡೋ ಹಾಗಿದಾಳೆ. ತೆಗೆಯೋಕೆ ಮನಸ್ಸೇ ಬರಲ್ಲ."

"ಶುಕ್ರವಾರದೊಳಗೆ ಬೇಕು," ಅಂದಳು ನೊಯೆಮಿ.

ಮೊದಲು ಪೊರಕೆ ಹೋಯಿತು, ಆಮೇಲೆ ಕೈ, ಆಮೇಲೆ ಏಪ್ರನ್ನು. ನೀಲಿ ಬಾಗಿಲು ಸುಟ್ಟ ಹಲಗೆಯಾಯಿತು. ಜೆರೇನಿಯಂ ಕುಂಡ ಇದ್ದಲ್ಲಿ ಹರಿದ ಟಯರು ಬಂದು ಕೂತಿತು. ಬೀದಿಗೆ ಎಂಥ ಕಸ ಹಾಕಬೇಕು ಅನ್ನುವುದನ್ನು ನಿರ್ಮಾಪಕಿಯೇ ಒಪ್ಪಬೇಕು. ಇನ್ನೂ ಸ್ವಲ್ಪ ಹೊಲಸು ಇರಲಿ ಅಂತ ವ್ಯಾಂಕೂವರಿನಿಂದ ಸೂಚನೆ ಬರುತ್ತಿತ್ತು, ಇವಳು ಇನ್ನೂ ಸ್ವಲ್ಪ ಹೊಲಸು ಹಾಕಿಸುತ್ತಿದ್ದಳು. ದೋನ್ ಎಲಾದಿಯೋನ ಕಿಟಕಿಯ ಕೆಳಗೆ ಕೊಳೆತ ಪಪಾಯಿ ಸಾಕೋ, ಸತ್ತ ನಾಯಿ ಬೇಕೋ ಅಂತ ಒಂದು ಇಡೀ ಮಧ್ಯಾಹ್ನ ಚರ್ಚೆ ನಡೆಯಿತು. ಕೊನೆಗೆ ನಾಯಿ ಗೆದ್ದಿತು.

ಎಲ್ಲ ಮುಗಿದ ಮೇಲೆ ಹೊಸ್ತಿಲ ಮುಂದೆ ಒದ್ದೆ ಗೆರೆಯೊಂದು ಉಳಿದಿತ್ತು. ಎಡಕ್ಕೆ ಉದ್ದ, ತುದಿಯಲ್ಲಿ ಬಾಗಿದ್ದು. ಇದರ ಮೇಲೂ ಧೂಳು ಹಾಕಲೇ ಅಂತ ಮೀರ್ತಾ ಕೇಳಿದಳು. ಬಿಡು, ಚರಂಡಿ ನೀರು ಅಂದುಕೊಳ್ಳುತ್ತಾರೆ ಅಂದಳು ನೊಯೆಮಿ. ಅಮ್ಮನದೊಂದು ಗುರುತನ್ನಾದರೂ ಉಳಿಸಿದೆ ಅನ್ನುವ ಸಮಾಧಾನ ಅವಳಿಗೆ. ಕಳ್ಳನೂ ಕದ್ದ ಮನೆಯ ದೇವರ ದೀಪ ಆರಿಸದೆ ಹೋಗುತ್ತಾನಂತೆ.

ಸಿನಿಮಾ ಊರಿಗೆ ಬಂತು. ಪಿಲಾ ಬೀದಿ ಈಸ್ಟರಿಗೆ ಉಡುವ ಬಟ್ಟೆ ಉಟ್ಟು ಹೊರಟಿತು. ಒತಿಲಿಯಾ ಕೂದಲಿಗೆ ಸುರುಳಿ ಹಾಕಿಸಿಕೊಂಡಿದ್ದಳು. ನೊಯೆಮಿ ಪಕ್ಕದಲ್ಲೇ ಕೂತಳು. ಬರುವುದಿಲ್ಲ ಅನ್ನಲು ಅವಳಿಗೆ ಬಾಯಿ ಬಂದಿರಲಿಲ್ಲ.

ಬೀದಿ ಬಂತು. ಹಳದಿ ಗಾಳಿ, ತೂತುಬಿದ್ದ ಗೋಡೆ, ಕಸದ ರಾಶಿ, ನಾಯಿ. ಅಕ್ಕಪಕ್ಕ ಯಾರೊಬ್ಬರಿಗೂ ಗುರುತು ಸಿಗಲಿಲ್ಲ. ಪಾಪ, ಯಾವ ದೇಶವೋ ಏನೋ ಅಂತ ದೋನ್ ಎಲಾದಿಯೋ ಲೊಚಗುಟ್ಟಿದ.

"ಥೂ, ಎಂಥ ಜನಾನೋ," ಅಂದಳು ಒತಿಲಿಯಾ, ಸಾಲಿನವರಿಗೆಲ್ಲ ಕೇಳುವಂತೆ. "ಒಂದು ಪೊರಕೆ ಆಡ್ಸೋಕೆ ಒಬ್ಳು ಹೆಂಗಸೂ ಇಲ್ವಾ ಇವರಲ್ಲಿ?"

ಸಾಲು ಪೂರ್ತಿ ನಕ್ಕಿತು. ಅಷ್ಟರಲ್ಲಿ ಕ್ಯಾಮೆರಾ ಸೈನಿಕನ ಬೂಟಿನ ಹಿಂದೆ ಹೊಸ್ತಿಲವರೆಗೂ ಇಳಿಯಿತು. ಸುಟ್ಟ ಬಾಗಿಲ ಮುಂದೆ ಒದ್ದೆ ಗೆರೆ, ಅಷ್ಟು ದೊಡ್ಡ ಪರದೆಯ ಮೇಲೆ, ಎಡಕ್ಕೆ ಉದ್ದವಾಗಿ. ಜೋಳದ ಪುರಿಯ ಡಬ್ಬಿಯೊಳಗೆ ಒತಿಲಿಯಾಳ ಕೈ ನಿಂತದ್ದನ್ನು ನೊಯೆಮಿ ಒಬ್ಬಳೇ ನೋಡಿದಳು. ಕೊನೆಯಲ್ಲಿ ಹೆಸರು ಬಂದಾಗ ಬೀದಿ ಚಪ್ಪಾಳೆ ತಟ್ಟಿತು. ಮೊದಲ ಚಪ್ಪಾಳೆ ಆ ಸಲ ದೋನ್ ಎಲಾದಿಯೋನದು.

"ನಮ್ಮ ಬೀದಿ ಎಲ್ಲಿ ಬಂತಮ್ಮ?" ಅಂತ ಅವನೇ ಹೊರಗೆ ಬಂದಮೇಲೆ ಕೇಳಿದ. "ನಾನೇನಾದ್ರೂ ತೂಕಡಿಸಿಬಿಟ್ನಾ?"

"ಕತ್ತರಿಸಿಬಿಟ್ರು ದೋನ್ ಎಲಾದಿಯೋ. ಸಿನಿಮಾ ಉದ್ದ ಆಯ್ತಂತೆ," ಅಂದಳು ನೊಯೆಮಿ.

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಅಂತ ಎಲ್ಲರೂ ಒತಿಲಿಯಾಳ ಮುಖ ನೋಡಿದರು. ಆಕೆ ಮಗಳ ಮುಖ ನೋಡಲಿಲ್ಲ. "ಕತ್ತರಿಸಿದ್ರೆ ಕತ್ತರಿಸ್ಲಿ ಬಿಡಿ," ಅಂದಳು. "ಬಣ್ಣ ನಮ್ಮ ಗೋಡೆ ಮೇಲೇ ಇದೆಯಲ್ಲ." ಜನರ ಮುಂದೆ ಮಗಳ ಸುಳ್ಳಿಗೆ ತಾಯಿ ತನ್ನ ಸೆರಗು ಹೊದಿಸಿದಳು.

ಆ ದಿನ ನೊಯೆಮಿ ತಾಯಿಯ ಮನೆಯಲ್ಲೇ ಉಳಿದಳು. ಬೆಳಿಗ್ಗೆ ಗುಡಿಸಿ ನೀರು ಚೆಲ್ಲಿಯಾದ ಮೇಲೆ ಒತಿಲಿಯಾ ಹೊಸ್ತಿಲಿನಿಂದ ಕರೆದಳು.

"ಬಾ ಇಲ್ಲಿ. ಇದನ್ನ ನೋಡು. ನಿನ್ನೆ ಅಲ್ಲಿದ್ದದ್ದು ಇದೇ ಅಲ್ವಾ?"

ನೊಯೆಮಿ ಹೊಸ್ತಿಲಿಗೆ ಬಂದು ನೀರಿನ ಗೆರೆ ನೋಡಿದಳು.

"ನನ್ನನ್ನ ಅಲ್ಲಿಂದ ತೆಗೆದಿದ್ದು ಯಾರು?"

ನೊಯೆಮಿ ನಿರ್ದೇಶಕನ ಹೆಸರು ಹೇಳಿದಳು, ವ್ಯಾಂಕೂವರಿನವನ ಹೆಸರು ಹೇಳಿದಳು, ಕಥೆಗೆ ಹಾಗೆ ಬೇಕಿತ್ತು, ಅದು ಯುದ್ಧದ ಕಥೆ ಅಂದಳು. ತೂಕದಲ್ಲಿ ಮೋಸ ಮಾಡುವ ತರಕಾರಿಯವನ ಮಾತು ಕೇಳುವ ಹಾಗೆ ಒತಿಲಿಯಾ ಎಲ್ಲವನ್ನೂ ಕೇಳಿಸಿಕೊಂಡಳು.

"ಹೇಳಿದವರು ಇರ್ಲಿ. ಮಾಡಿದ ಕೈ ಯಾರದು?"

"ನಾನೇ ಅಮ್ಮ. ನಾನೇ ಮಾಡ್ಸಿದ್ದು."

ಒತಿಲಿಯಾ ಪೊರಕೆಯನ್ನು ಗೋಡೆಗೊರಗಿಸಿದಳು. "ಅಚ್ಚುಕಟ್ಟಾಗಿದೆ," ಅಂದಳು. "ನಂದು ಒಂದು ಕೂದಲೂ ಉಳಿದಿರ್ಲಿಲ್ಲ." ಮತ್ತೆ ಒಳಗೆ ಹೋಗಿ ಕಾಫಿಗೆ ನೀರಿಟ್ಟಳು, ಮಗಳಿಗೆ ಇಷ್ಟವೆಂದು ದಾಲ್ಚಿನ್ನಿಯನ್ನೂ ಹಾಕಿದಳು. ಬೈದಿದ್ದರೆ ಅಲ್ಲಿಗೇ ಮುಗಿಯುತ್ತಿತ್ತು. ಬೈಗುಳಕ್ಕಾದರೂ ಒಂದು ಕೊನೆ ಇರುತ್ತದೆ.

ಗ್ರಿಯೋ ಉಳಿಯಿತು. ಟ್ರೆವರ್ ಹೊಗಳಿ ಬರೆದ, ಅದರ ಬೆನ್ನಿಗೇ ಇನ್ನೊಂದು ಯುದ್ಧ, ಇನ್ನೊಂದು ಹಳದಿ ಬೀದಿ ಬಂತು. ಕೆಲಸದ ನೆಪದಲ್ಲಿ ನೊಯೆಮಿ ತಾಯಿಯ ಮನೆಯ ಕಡೆ ಹೋಗುವುದನ್ನು ಮುಂದೂಡುತ್ತ ಬಂದಳು. ಕೊನೆಗೊಂದು ಭಾನುವಾರ ಬಸ್ಸಿಳಿದು ಬರುತ್ತಿದ್ದಾಗ ದೋನ್ ಎಲಾದಿಯೋನ ಹೆಂಡತಿ ದೋನ್ಯಾ ಲೀಚಾ ತನ್ನ ತಿಂಡಿಗಾಡಿಯ ಹಿಂದಿನಿಂದ ಕೈಸನ್ನೆ ಮಾಡಿ ಕರೆದಳು. ಬೇಡವೆಂದರೂ ಕೇಳದೆ ಸಾರಿನಲ್ಲಿ ಮುಳುಗಿಸಿದ ಬ್ರೆಡ್ಡನ್ನು ಕೈಗಿತ್ತಳು, ದುಡ್ಡು ಮುಟ್ಟಲಿಲ್ಲ.

"ಬೇಜಾರು ಮಾಡ್ಕೋಬೇಡ ಮಗಳೇ," ಅಂದಳು, ದನಿ ತಗ್ಗಿಸಿ. "ಯಾವ ಕೆಲಸಾನೂ ಕೀಳಲ್ಲ. ಸಿನಿಮಾದವರು ಯಾರನ್ನ ಕೊನೇವರೆಗೂ ಇಟ್ಕೊಂಡಿದಾರೆ?"

ನೊಯೆಮಿಗೆ ಅರ್ಥವಾಗಲಿಲ್ಲ.

"ನಿಮ್ಮಮ್ಮನೇ ಹೇಳಿದ್ರು. ಮಗಳು ಏನ್ಮಾಡ್ತಾಳೆ ಅಂತ ಯಾರು ಕೇಳಿದ್ರೂ ಈಗ ಒಂದೇ ಮಾತು, ಲಿಂಪಿಯೆಸಾ ಮಾಡ್ತಾಳೆ ಅಂತಾರೆ. ಮುಂಚೆ ಥರ ಸಿನಿಮಾ ಅನ್ನಲ್ಲ. ನನ್ನ ತಂಗಿ ಕೆಲಸ ಮಾಡೋ ಡಾಕ್ಟರ ಮನೇಲಿ ಒಬ್ಳು ಬೇಕಂತೆ. ಒಳ್ಳೆ ಜನ. ನೆಲ, ಪಾತ್ರೆ, ಅಷ್ಟೇ. ಹೇಳ್ಲಾ?"

ಮೂಲೆಮನೆಯ ನೀಲಿ ಬಾಗಿಲು ತೆರೆದಿತ್ತು. ಒತಿಲಿಯಾ ಹೊಸ್ತಿಲ ಮೇಲೆ ಕುರ್ಚಿ ಹಾಕಿಕೊಂಡು ಇತ್ತಲೇ ನೋಡುತ್ತ ಕೂತಿದ್ದಳು. ಮಾತು ಕೇಳದಷ್ಟು ದೂರವೇನೂ ಇರಲಿಲ್ಲ. ಹಾಗಲ್ಲ, ನಾನು ಈಗಲೂ ಸಿನಿಮಾದವಳೇ ಅಂತ ಹೇಳಲು ನೊಯೆಮಿ ಬಾಯಿ ತೆರೆದಳು, ತಾಯಿಯ ಮುಖ ನೋಡಿ ಮುಚ್ಚಿದಳು.

"ಹೇಳಿ ದೋನ್ಯಾ ಲೀಚಾ," ಅಂದಳು. "ಕೈ ಅಚ್ಚುಕಟ್ಟು ಅಂತಾನೂ ಹೇಳಿ."